ಹೆರ್ಜ್ಲ್‌ಗಿಂತ ಮೊದಲು ಒಡೆಸ್ಸಾ

ಪ್ರೀತಿಯ ತಂಗಿ,

ಯಹೂದಿ ತಾಯ್ನಾಡಿನ ಚಳವಳಿ ಹುಟ್ಟಿದ ಬಗೆಯ ಕುರಿತು ನೀನು ಕಳಿಸಿದ ಲೇಖನ ಓದಿದೆ. ಭಾಷೆಗೆ ಹೆಸರಿಡುವಂತಿಲ್ಲ. ಆದರೆ ಎಲ್ಲರಂತೆ ನೀನೂ 1895ರ ಪ್ಯಾರಿಸ್‌ನಲ್ಲೇ ಶುರುಮಾಡಿದ್ದೀಯ: ಫ್ರಾನ್ಸಿನ ಯಹೂದಿ ಸೈನ್ಯಾಧಿಕಾರಿ ಡ್ರೇಫಸ್‌ನ ಮೇಲೆ ದೇಶದ್ರೋಹದ ಸುಳ್ಳು ಆರೋಪ ಹೊರಿಸಿ, ಎಲ್ಲರೆದುರು ಅವನ ಕತ್ತಿ ಮುರಿದು ಅವಮಾನಿಸಿದರು, ಪತ್ರಕರ್ತ ಥಿಯೋಡರ್ ಹೆರ್ಜ್ಲ್ ಅದನ್ನು ಕಂಡ, ಚಳವಳಿ ಹುಟ್ಟಿತು. ತನ್ನನ್ನು ಬದಲಿಸಿದ್ದು ಆ ಪ್ರಕರಣವೇ ಎಂದು ಹೆರ್ಜ್ಲ್ ಬರೆದದ್ದು 1899ರಲ್ಲಿ, ನಾಯಕನಾಗಿ ಹೆಸರು ಮಾಡಿದ ಮೇಲೆ. ಅಂಥ ಮಾತನ್ನು ಒರೆಗೆ ಹಚ್ಚದೆ ಒಪ್ಪಬೇಡ.

ಇನ್ನೂ ಹಿಂದಕ್ಕೆ ಹೋಗು. 1881ರಲ್ಲಿ ರಷ್ಯಾದ ಚಕ್ರವರ್ತಿ ಎರಡನೆಯ ಅಲೆಕ್ಸಾಂಡರ್‌ನ ಕೊಲೆಯಾಯಿತು. ಸಿಟ್ಟು ಯಹೂದಿಗಳ ಮೇಲೆ ತಿರುಗಿತು. ಈಗಿನ ಉಕ್ರೇನಿನ ಊರೂರುಗಳಲ್ಲಿ ಮನೆ, ಅಂಗಡಿಗಳ ಲೂಟಿಯಾಯಿತು. ಅಲ್ಲಿನ ಒಡೆಸ್ಸಾ ನಗರದಲ್ಲಿ ಲಿಯೋನ್ ಪಿನ್ಸ್ಕರ್ ಎಂಬ ಯಹೂದಿ ವೈದ್ಯನಿದ್ದ. ಯಹೂದಿಗಳು ರಷ್ಯನ್ ಕಲಿತು ರಷ್ಯನ್ನರೊಡನೆ ಬೆರೆತರೆ ಕಷ್ಟ ತೀರುತ್ತದೆ ಎಂದು ನಂಬಿದ್ದವನು. ಅವನು 1882ರಲ್ಲಿ, ತನ್ನ ಹೆಸರು ಹಾಕದೆ, ಜರ್ಮನ್ ಭಾಷೆಯಲ್ಲಿ ಒಂದು ಕಿರುಹೊತ್ತಿಗೆ ಅಚ್ಚುಹಾಕಿಸಿದ: ನಮಗೆ ನಮ್ಮದೇ ನೆಲ ಬೇಕು. ಅದು ಪ್ಯಾಲೆಸ್ಟೈನೇ ಆಗಬೇಕೆಂಬ ಹಟವೂ ಅವನಿಗಿರಲಿಲ್ಲ. ಅರವತ್ತರ ವಯಸ್ಸಿನಲ್ಲಿ ಒಬ್ಬ ಮನುಷ್ಯ ಜೀವಮಾನದ ನಂಬಿಕೆಯನ್ನು ಕೈಬಿಟ್ಟದ್ದು ಹೇಗೆ? ನಿನ್ನ ಲೇಖನದ ಜೀವ ಅಲ್ಲಿದೆ. ಎರಡು ಪುಟ ಹೋದರೂ ಹೋಗಲಿ.

ಹೆರ್ಜ್ಲ್ 1897ರಲ್ಲಿ ಸ್ವಿಟ್ಜರ್ಲೆಂಡಿನ ಬಾಸೆಲ್‌ನಲ್ಲಿ ಕರೆದ ಚಳವಳಿಯ ಮೊದಲ ಸಮಾವೇಶಕ್ಕೆ ಬರೀ ದಿನಾಂಕ, ಠರಾವು ಕೊಟ್ಟು ಕೈತೊಳೆದುಕೊಂಡಿದ್ದೀಯ. ಉಡುಪನ್ನು ನೋಡು ಮಾರಾಯ್ತಿ! ಉದ್ಘಾಟನೆಗೆ ಎಲ್ಲರೂ ಕಪ್ಪು ಟೈಲ್‌ಕೋಟು, ಬಿಳಿ ಟೈ ಧರಿಸಿ ಬರಬೇಕೆಂದು ಹೆರ್ಜ್ಲ್ ಪಟ್ಟುಹಿಡಿದಿದ್ದ. ಅವನ ಒಡನಾಡಿ, ಲೇಖಕ ಮ್ಯಾಕ್ಸ್ ನಾರ್ಡೌ ಸಾದಾ ಕೋಟಿನಲ್ಲಿ ಬಂದಾಗ ಅವನನ್ನು ಪುಸಲಾಯಿಸಿ ಬಟ್ಟೆ ಬದಲಿಸಲು ಕಳಿಸಿದ. ಸಭೆ ಮೊದಲು ನಿಗದಿಯಾಗಿದ್ದದ್ದು ಮ್ಯೂನಿಕ್‌ನಲ್ಲಿ. ಬೇಡವೆಂದವರು ಅಲ್ಲಿನ ಯಹೂದಿಗಳೇ. ತಮ್ಮ ಜರ್ಮನ್ ನಿಷ್ಠೆಯ ಮೇಲೆ ಅನುಮಾನ ಬಂದೀತೆಂಬ ಅಳುಕು. ಆ ಅಳುಕಿಗೂ ನಿನ್ನಲ್ಲಿ ಜಾಗ ಬೇಕು.

ಇನ್ನೊಂದು ಮಾತನ್ನು ಖಾರವಾಗಿಯೇ ಹೇಳುತ್ತೇನೆ. ನಿನ್ನ ಲೇಖನದಲ್ಲಿ ಅರಬರೇ ಇಲ್ಲ. ಆ ನೆಲ ಖಾಲಿ ಬಿದ್ದಿಲ್ಲ ಎಂದು ಯಹೂದಿ ಚಿಂತಕ ಅಹದ್ ಹಆಮ್ 1891ರಲ್ಲೇ ಎಚ್ಚರಿಸಿದ್ದ. 1899ರಲ್ಲಿ ಜೆರುಸಲೇಮಿನ ಮಾಜಿ ಮೇಯರ್ ಯೂಸುಫ್ ಖಾಲಿದಿ, ಯಹೂದಿಗಳ ನೋವನ್ನು ಒಪ್ಪಿಕೊಂಡೇ, ಪ್ಯಾಲೆಸ್ಟೈನನ್ನು ಅದರ ಪಾಡಿಗೆ ಬಿಡಿ ಎಂದು ಪತ್ರ ಬರೆದ. ಹೆರ್ಜ್ಲ್ ಉತ್ತರಿಸಿದ. ಎರಡೂ ಪತ್ರಗಳನ್ನು ಪೂರ್ತಿ ಓದದೆ ಮುಂದಿನ ಕರಡಿಗೆ ಕೈಹಾಕಬೇಡ. ಪ್ಯಾಲೆಸ್ಟೈನಿನಲ್ಲಿ ಯಹೂದಿ ತಾಯ್ನಾಡಿಗೆ ಬ್ರಿಟನ್ ಬೆಂಬಲ ಸಾರಿದ ಬಾಲ್ಫರ್ ಘೋಷಣೆಯ ಭಾಗವನ್ನು ತೆಗೆದುಬಿಡು. ಅದು 1917ರದು, ಬೇರೆಯದೇ ಲೇಖನ ಬೇಡುತ್ತದೆ.

ನಿನ್ನ ಅಣ್ಣ