ವಾಣಿಜ್ಯ ಸಚಿವರಿಗೆ: ಚೀನಾ ವಿಷಯದಲ್ಲಿ ಎಲ್ಲಕ್ಕೂ ಒಂದೇ ನಿಯಮ ಬೇಡ

ಮಾನ್ಯ ಪಿಯೂಷ್ ಗೋಯಲ್ ಅವರೇ,

ಬೆಂಗಳೂರಿನಿಂದ ನಮಸ್ಕಾರ. ನಮ್ಮ ಮೆಟ್ರೋ ಹಳದಿ ಮಾರ್ಗದ ಕಥೆಯನ್ನು ನೀವೊಮ್ಮೆ ಪೂರ್ತಿ ಕೇಳಬೇಕು. 2019ರ ಕೊನೆಯಲ್ಲಿ 216 ಬೋಗಿಗಳ ಗುತ್ತಿಗೆ ರೈಲು ಬೋಗಿ ತಯಾರಿಸುವ ಚೀನಾದ ಸಿಆರ್‌ಆರ್‌ಸಿ ಕಂಪನಿಗೆ ಸಿಕ್ಕಿತು. ಹೆಚ್ಚಿನವನ್ನು ಇಲ್ಲೇ ಮಾಡಬೇಕು ಅಂತ ಷರತ್ತು. 2020ರ ಏಪ್ರಿಲ್‌ನಲ್ಲಿ, ಚೀನಾ ಸೇರಿ ನಮ್ಮ ಜೊತೆ ಭೂಗಡಿ ಇರುವ ನೆರೆ ದೇಶಗಳ ಹೂಡಿಕೆಗೆ ಸರ್ಕಾರದ ಒಪ್ಪಿಗೆ ಬೇಕು ಎಂಬ ನಿಯಮ ಬಂತು. ಜೂನ್‌ನಲ್ಲಿ ಗಾಲ್ವಾನ್‌ನಲ್ಲಿ ನಮ್ಮ 20 ಯೋಧರು ಹುತಾತ್ಮರಾದರು. ಕಾರ್ಖಾನೆ ಹಾಕಲಾಗದ ಕಂಪನಿ ಕೊನೆಗೆ ಕೋಲ್ಕತ್ತ ಬಳಿ ಬೋಗಿ ಮಾಡುವ ಟೀಟಾಗಢ ಕಂಪನಿಯ ಜೊತೆ ಸೇರಿಕೊಂಡಿತು. ಮೊದಲ ರೈಲು ಹೆಬ್ಬಗೋಡಿ ಡಿಪೋ ಮುಟ್ಟಿದ್ದು 2024ರ ಫೆಬ್ರವರಿಯಲ್ಲಿ, ಚೀನೀ ಇಂಜಿನಿಯರ್‌ಗಳ ವೀಸಾಗೂ ಕಾಯಬೇಕಾಯಿತು. ಆರ್.ವಿ. ರಸ್ತೆಯಿಂದ ಬೊಮ್ಮಸಂದ್ರಕ್ಕೆ 19 ಕಿ.ಮೀ. ಸಂಚಾರ ಶುರುವಾಗಿದ್ದು 2025ರ ಆಗಸ್ಟ್‌ನಲ್ಲಿ, ಅದೂ ಮೂರೇ ರೈಲು, 25 ನಿಮಿಷಕ್ಕೊಂದು. ಅಲ್ಲಿಯವರೆಗೆ ಸಿಲ್ಕ್ ಬೋರ್ಡ್ ಸಿಗ್ನಲ್‌ನಲ್ಲಿ ಹೊಗೆ ಕುಡಿಯುತ್ತಾ, ತಲೆ ಮೇಲಿನ ಖಾಲಿ ಹಳಿ ನೋಡುತ್ತಾ ನಿಂತವರು ನಾವು. ಇದರಿಂದ ಗಡಿಗೆ ಏನು ಭದ್ರತೆ ಸಿಕ್ಕಿತು?

ಚೀನಾವನ್ನು ಕಣ್ಣುಮುಚ್ಚಿ ನಂಬಿ ಅಂತ ಯಾರೂ ಹೇಳುವುದಿಲ್ಲ. ಟೆಲಿಕಾಂ ಉಪಕರಣಗಳನ್ನು ನಂಬಿಕಸ್ತ ಮೂಲದಿಂದಲೇ ಕೊಳ್ಳಬೇಕು ಎಂದು 2021ರಲ್ಲಿ ಮಾಡಿದ ನಿಯಮ ಸರಿಯಾಗಿಯೇ ಇದೆ. ಸಿಸಿಟಿವಿ ಕ್ಯಾಮೆರಾಗಳ ತಪಾಸಣೆಯೂ ಅಷ್ಟೇ. ದೂರದಲ್ಲಿ ಕೂತು ಕದ್ದು ನೋಡಬಹುದಾದ, ನಿಲ್ಲಿಸಬಹುದಾದ ವಸ್ತು ನಮ್ಮ ಜಾಲದೊಳಗೆ ಬರಲೇಬಾರದು. ಆದರೆ ಕಾರ್ಖಾನೆಯಲ್ಲಿ ಯಂತ್ರ ಕೂರಿಸಿ, ನಮ್ಮ ಹುಡುಗರಿಗೆ ಕಲಿಸಿ ಹೋಗುವ ತಂತ್ರಜ್ಞನನ್ನೂ ಅದೇ ತಕ್ಕಡಿಯಲ್ಲಿ ತೂಗಿದರೆ ಹೇಗೆ?

ಅತ್ತ ಆಮದು ಮಾತ್ರ ಏರುತ್ತಲೇ ಹೋಯಿತು. 2024-25ರಲ್ಲಿ ಚೀನಾ ಜೊತೆಗಿನ ವ್ಯಾಪಾರ ಕೊರತೆ ಸುಮಾರು 9,900 ಕೋಟಿ ಡಾಲರ್. ಸಿದ್ಧ ಸರಕಿಗೆ ದಾರಿ ಸಲೀಸು, ಅದನ್ನು ಇಲ್ಲೇ ಮಾಡಲು ಬೇಕಾದ ಯಂತ್ರ ಮತ್ತು ವಿದ್ಯೆಗೆ ತಡೆ. ಇದು ಉಲ್ಟಾ ಅಲ್ವಾ? 2025ರ ಏಪ್ರಿಲ್‌ನಲ್ಲಿ ಚೀನಾ ಅಪರೂಪದ ಲೋಹಗಳ ಮ್ಯಾಗ್ನೆಟ್‌ಗಳ ರಫ್ತಿಗೆ ಲೈಸೆನ್ಸ್ ಕಡ್ಡಾಯ ಮಾಡಿದಾಗ ನಮ್ಮ ಎಲೆಕ್ಟ್ರಿಕ್ ಸ್ಕೂಟರ್ ತಯಾರಕರಿಗೆ ನಿದ್ದೆ ಹಾರಿಹೋಯಿತು. ಮೋಟಾರಿನೊಳಗಿನ ಅಂಗೈಯಗಲದ ತುಂಡು ಅದು! ಕೇರಳ, ತಮಿಳುನಾಡು, ಒಡಿಶಾ ಕಡಲತೀರದ ಮರಳಲ್ಲಿ ಇಂಥ ಮ್ಯಾಗ್ನೆಟ್‌ಗೆ ಬೇಕಾದ ನಿಯೋಡಿಮಿಯಂ ಲೋಹ ಇದೆ, ಅದನ್ನು ಮ್ಯಾಗ್ನೆಟ್ ಮಾಡುವ ಕಾರ್ಖಾನೆಗಳನ್ನು ಮಾತ್ರ ನಾವು ಕಟ್ಟಿಕೊಳ್ಳಲಿಲ್ಲ. ನನಗೆ ಇದೇ ಗಡಿಯಷ್ಟೇ ದೊಡ್ಡ ಭದ್ರತೆಯ ಪ್ರಶ್ನೆ.

ಗೃಹ ಸಚಿವಾಲಯದ ಜೊತೆ ಕೂತು ಎರಡು ಪಟ್ಟಿ ಮಾಡಿ. ಯಾವುದಕ್ಕೆ ಬಾಗಿಲು ಬಂದ್, ಯಾವುದಕ್ಕೆ ತಪಾಸಣೆ ಮಾಡಿ ಬಿಡುತ್ತೀರಿ ಅಂತ ಜನರಿಗೆ ತಿಳಿಯಲಿ. ತಂತ್ರಜ್ಞರ ವೀಸಾ ಅರ್ಜಿಗೆ 30 ದಿನದೊಳಗೆ ಉತ್ತರ ಕೊಡಿ. ಬೇಡ ಅನ್ನುವುದಾದರೂ ಬೇಗ ಹೇಳಿಬಿಡಿ, ಬೇರೆ ದೇಶದವರನ್ನಾದರೂ ಹುಡುಕಿಕೊಳ್ಳಬಹುದು.

ಇಂತಿ,
ಬೆಂಗಳೂರಿನ ಒಬ್ಬ ಮೆಟ್ರೋ ಪ್ರಯಾಣಿಕ