ಮಧುಗಿರಿಗೂ ಒಂದು ಸೀಟಿತ್ತು, ಪುಟ್ಟಿ

ಚಿರಂಜೀವಿ ಪುಟ್ಟಿಗೆ ತಾತನ ಆಶೀರ್ವಾದಗಳು.

ಮನೆಯ ಸಮಾಚಾರವೆಲ್ಲ ನಿಮ್ಮಮ್ಮ ಫೋನಿನಲ್ಲಿ ಹೇಳಿರುತ್ತಾಳೆ. ನಿನ್ನ ಕಾಗದದ ಒಂದು ಸಾಲು ಮಾತ್ರ ನನ್ನ ನಿದ್ದೆ ಕೆಡಿಸಿದೆ. ಲೋಕಸಭಾ ಕ್ಷೇತ್ರಗಳ ಗಡಿಗಳನ್ನು ಮತ್ತೆ ವಿಂಗಡಿಸಿದರೆ ‘ನಮ್ಮ ಕಡೆಯವರನ್ನ ಕೇಳೋರೇ ಇಲ್ಲದ ಹಾಗಾಗುತ್ತಾ ತಾತ?’ ಅಂತ ಬರೆದಿದ್ದೀಯ.

ಮಧುಗಿರಿಯೇ ಒಂದು ಲೋಕಸಭಾ ಕ್ಷೇತ್ರವಾಗಿತ್ತು ಅನ್ನೋದು ನಿನ್ನ ವಯಸ್ಸಿನವರಿಗೆ ಗೊತ್ತಿರಲಿಕ್ಕಿಲ್ಲ. 1967ರಲ್ಲಿ, 1971ರಲ್ಲಿ ಇಲ್ಲಿಂದಲೇ ಒಬ್ಬರನ್ನು ದೆಹಲಿಗೆ ಕಳಿಸಿದೆವು. ಅದಕ್ಕೂ ಮುಂಚೆ ತಿಪಟೂರಿಗೂ ಒಂದು ಸೀಟಿತ್ತು. ಕೋಲಾರದಲ್ಲಂತೂ 1957ರಲ್ಲಿ ಒಂದೇ ಕ್ಷೇತ್ರದಿಂದ ಇಬ್ಬರು ಗೆದ್ದಿದ್ದರು, ಕೆ.ಸಿ. ರೆಡ್ಡಿ ಮತ್ತು ದೊಡ್ಡತಿಮ್ಮಯ್ಯ. 1961ರಲ್ಲಿ ಕಾನೂನು ಬಂದು ಅಂಥ ಜೋಡಿ ಕ್ಷೇತ್ರಗಳು ನಿಂತವು.

1971ರದು ನನ್ನ ಮೊದಲ ಓಟು. ಆಗ 21 ತುಂಬಬೇಕಿತ್ತು. ಕಾಂಗ್ರೆಸ್ ಎರಡಾಗಿತ್ತು; ಚೀಟಿಯಲ್ಲಿ ಇಂದಿರಾ ಕಾಂಗ್ರೆಸ್ಸಿನ ಗುರುತು ಹಸು-ಕರು ಒಂದು ಕಡೆ, ಇನ್ನೊಂದು ಕಾಂಗ್ರೆಸ್ಸಿನ ಗುರುತು ಚರಕದ ಹೆಂಗಸು ಇನ್ನೊಂದು ಕಡೆ. ಸೀಲಿನ ಮಸಿ ಪಕ್ಕದ ಗುರುತಿಗೆ ಅಂಟದ ಹಾಗೆ ಚೀಟಿ ಮಡಚೋದನ್ನು ನಮ್ಮಪ್ಪ ಹಿಂದಿನ ರಾತ್ರಿ ಹಳೇ ಕ್ಯಾಲೆಂಡರ್ ಹಾಳೆಯಲ್ಲಿ ತೋರಿಸಿಕೊಟ್ಟಿದ್ದರು. ರಾಜ್ಯದ 27ಕ್ಕೆ 27 ಸೀಟೂ ಇಂದಿರಾ ಗಾಂಧಿಯವರ ಕಾಂಗ್ರೆಸ್ಸಿಗೆ ಹೋದವು. 1977ರ ಹೊತ್ತಿಗೆ ಸೀಟು 28 ಆಗಿತ್ತು. ಕ್ಷೇತ್ರಗಳ ಪಟ್ಟಿಯಲ್ಲಿ ಚಿಕ್ಕಬಳ್ಳಾಪುರ ಇತ್ತು, ಮಧುಗಿರಿ ಇರಲಿಲ್ಲ.

ಅಪ್ಪ ಜಗುಲಿ ಮೇಲೆ ಕೂತು ‘ಇನ್ನು ನಮ್ಮನ್ನ ಕೇಳೋರ್ಯಾರು?’ ಅಂದರು. ನೀನು ಬರೆದದ್ದೂ ಅದೇ ಮಾತು, ಅಲ್ವಾ? ಆವತ್ತು ಅವರ ಪಕ್ಕ ಕೂತು, ಯಾಕೆ ಅಷ್ಟು ಭಯ ಅಂತ ಕೇಳಬೇಕಿತ್ತು ಅಂತ ಈಗ ಅನ್ನಿಸುತ್ತದೆ. ಊರಲ್ಲೂ ಎಲ್ಲರೂ ಸುಮ್ನಿದ್ದರು.

ಹಾಗಂತ ನಿನ್ನ ಭಯ ಸುಳ್ಳು ಅಂತ ಹೇಳಲಾರೆ. ಈಗಲೇ ನೋಡು, ನಮ್ಮ ತುಮಕೂರು ಜಿಲ್ಲೆ ಮೂರು ಎಂಪಿಗಳಿಗೆ ಹಂಚಿಹೋಗಿದೆ. ಶಿರಾ, ಪಾವಗಡ ಚಿತ್ರದುರ್ಗಕ್ಕೆ. ಕುಣಿಗಲ್ ಬೆಂಗಳೂರು ಗ್ರಾಮಾಂತರಕ್ಕೆ. ನಾವು ತುಮಕೂರಿಗೆ. ಪಾವಗಡದವರಿಗೆ ಡಿಸಿ ತುಮಕೂರಿನಲ್ಲಿ, ಎಂಪಿ ಚಿತ್ರದುರ್ಗದವರು. ಫ್ಲೋರೈಡ್ ನೀರಿನ ಗೋಳನ್ನು ಯಾರ ಹತ್ತಿರ ಹೇಳಿಕೊಳ್ಳಬೇಕು ಪಾಪ? ಕೇಳೋರು ಇಲ್ಲ ಅಂತಲ್ಲ, ಕೇಳಬೇಕಾದವರು ದೂರವಾಗುತ್ತಾರೆ. ನನಗೆ ಅದೇ ಸಂಕಟ.

ಓದಿದವಳಿಗೆ ನಾನೇನು ಹೇಳಲಿ. ಆದರೂ ಹೊಸ ಕ್ಷೇತ್ರಗಳ ಕರಡು ಪಟ್ಟಿ ಬಂದಾಗ ಆಕ್ಷೇಪಣೆ ಸಲ್ಲಿಸಲು ಅವಕಾಶ ಇರುತ್ತದೆ, ಅದನ್ನು ಬಿಡಬೇಡ. ತಾಲ್ಲೂಕಿನ ಗಡಿ, ಬೆಟ್ಟಗುಡ್ಡ, ಓಡಾಟದ ಅನುಕೂಲ, ಇದನ್ನೆಲ್ಲ ನೋಡಬೇಕು ಅಂತ ಕಾನೂನಿನಲ್ಲೇ ಇದೆ. ಅಂತಿಮ ಆದೇಶ ಬಂದ ಮೇಲೆ ಕೋರ್ಟಿಗೆ ಹೋಗಿ ಬದಲಾಯಿಸೋದು ಬಹಳ ಕಷ್ಟ. ನಿನ್ನ ಹೆಸರು ಮತದಾರರ ಪಟ್ಟಿಯಲ್ಲಿ ಎಲ್ಲಿದೆ, ಇಲ್ಲೋ ಬೆಂಗಳೂರಲ್ಲೋ, ಅದನ್ನೂ ಒಮ್ಮೆ ನೋಡಿಕೋ. ಇದು ಬೇಡದ ಮಾತು ಅನ್ನಿಸಿದರೆ ಬಿಡು.

‘ಕೇಳೋರೇ ಇಲ್ಲ’ ಅಂತ ಮಾತ್ರ ಒಬ್ಬಳೇ ಕೂತು ಕೊರಗಬೇಡ. ಹಬ್ಬಕ್ಕೆ ಬಂದಾಗ ಅರ್ಜಿ ಬರೆಯೋಣ. ಯಾವ ಹಳ್ಳಿಯವರು ಯಾವ ಸಂತೆಗೆ, ಯಾವ ಆಸ್ಪತ್ರೆಗೆ ಹೋಗುತ್ತಾರೆ ಅಂತ ನಾನು ಹೇಳುತ್ತೇನೆ, ನೀನು ಬರೆದುಕೋ.

ನಿನ್ನ ತಾತ