ಆ ದನಿ ಅವರದ್ದಲ್ಲ ಕಣಮ್ಮ

ಪ್ರೀತಿಯ ತಂಗೀ,

ನಿನ್ನ ಕಥೆ ಎರಡು ಸಲ ಓದ್ದೆ. ಜತೆಗಿದ್ದ ಪತ್ರಾನೂ ಓದ್ದೆ, ನಾಲ್ಕು ಕಡೆಯಿಂದ ವಾಪಸ್ ಬಂತು, ಇನ್ನು ಬರೆಯೋದೇ ಬೇಡ ಅನ್ಸಿದೆ ಅಂದಿದ್ದೀಯಲ್ಲ, ಸಂಕಟ ಆಯ್ತು. ಎಷ್ಟು ಪುಟ ಇರ್ಬೇಕು, ಯಾರಿಗೆ ಕಳಿಸ್ಬೇಕು ಅನ್ನೋದನ್ನ ಯಾರನ್ನ ಕೇಳಿದ್ರೂ ಹೇಳ್ತಾರೆ, ಬಿಡು.

ಸೆನೆಗಲ್‌ನ ನಟಿ ಎಂಬಿಸೀನ್ ಥೆರೇಸ್ ಡಿಯೋಪ್ ಬಗ್ಗೆ ಬರೀಬೇಕು ಅಂತ ನಿಂಗೆ ಅನ್ಸಿದ್ದೇ ನಂಗೆ ಖುಷಿ. ಸೆನೆಗಲ್‌ಗೆ ಸ್ವಾತಂತ್ರ್ಯ ಬಂದು ಆರೇ ವರ್ಷ, ಡಾಕಾರ್‌ನಲ್ಲಿ ಬಟ್ಟೆ ಹೊಲೀತಿದ್ದ ಹುಡುಗಿ 1966ರಲ್ಲಿ ಉಸ್ಮಾನ್ ಸೆಂಬೆನ್ ಅವರ 'ಲಾ ನ್ವಾರ್ ದ' ಸಿನಿಮಾಗೆ ನಾಯಕಿ, 1971ರಲ್ಲಿ ಅವರದೇ 'ಎಮಿತಾಯ್'ನಲ್ಲಿ ಒಂದು ಸಣ್ಣ ಪಾತ್ರ. ಮೊದಲ ಸಿನಿಮಾದ ಆ ಚುಕ್ಕಿ ಫ್ರಾಕ್ ಬಗ್ಗೆ ಬರ್ದಿದ್ದೀಯಲ್ಲ, ಮನೆಕೆಲಸ ಮಾಡೋಕೆ ಅದನ್ನ ಹಾಕ್ಕೊಂಡು ಬಂದವಳಿಗೆ ಯಜಮಾನಿ ಏಪ್ರನ್ ಕಟ್ಟಿಸೋ ಸೀನು, ಹೊಲಿಗೆ ಗೊತ್ತಿದ್ದ ಮೈ ಆ ಬಟ್ಟೇಲಿ ಹೇಗೆ ನಿಲ್ಲುತ್ತೆ ಅಂತ, ಆ ಒಂದು ಪುಟ ಬಂಗಾರ.

ಆದ್ರೆ ಮೂರನೇ ಪುಟದಿಂದ ಏನಾಯ್ತು ನಿಂಗೆ? ಡಿಯೋಪ್ ಮತ್ತು ಆ ಸಿನಿಮಾದಲ್ಲಿ ಅವರು ಮಾಡಿದ ಪಾತ್ರ ದಿಯುವಾನ ಒಬ್ಬರೇ ಆಗ್ಬಿಟ್ರು. ಮಕ್ಕಳನ್ನ ನೋಡ್ಕೊಳ್ಳೋಕೆ ಅಂತ ಫ್ರಾನ್ಸ್‌ನ ಆಂಟೀಬ್‌ಗೆ ಹೋಗಿ, ಅಡುಗೆ ಪಾತ್ರೆ ಬಟ್ಟೆ ಅಂತ ಒಂದು ಫ್ಲಾಟ್‌ನಲ್ಲಿ ಸಿಕ್ಕಾಕ್ಕೊಂಡು, ಕೊನೆಗೆ ಬಾತ್‌ಟಬ್‌ನಲ್ಲಿ ಜೀವ ಬಿಟ್ಟವಳು ದಿಯುವಾನ, ಪಾತ್ರ. ಆ ಕತ್ತಲೆಯನ್ನೆಲ್ಲ ತಂದು ನಟಿ ಮೇಲೆ ಸುರಿದು 'ಆಮೇಲೆ ಅವರು ಮತ್ತೆಂದೂ ಕ್ಯಾಮೆರಾ ಮುಂದೆ ಬರಲಿಲ್ಲ' ಅಂತ ಮುಗಿಸಿದ್ದೀಯ. ಬಂದ್ರು ಕಣಮ್ಮ! 2020ರಲ್ಲಿ ಮೈಮೂನಾ ದುಕೂರೆ ಅವರ 'ಮಿನ್ಯೋನ್'ನಲ್ಲಿ ಹಿರೀ ಅತ್ತೆಯಾಗಿ ಬಂದ್ರು, ಮೊದಲ ಸಿನಿಮಾ ಆಗಿ 54 ವರ್ಷಕ್ಕೆ. ಹುಡುಕಿದ್ರೆ ಸಿಗ್ತಿತ್ತು. ಸಿಕ್ಕಿದ್ರೆ ನಿನ್ನ ಕಥೆ ಕೆಡ್ತಿತ್ತು, ಅದಕ್ಕೇ ಹುಡುಕ್ಲಿಲ್ವಾ?

ಆಮೇಲೆ ಡಿಯೋಪ್ ಮನಸ್ಸಿನ ಮಾತು ಅಂತ ನೀನು ಬರ್ದಿರೋ ಆ ಎಂಟು ಪುಟ. ಸಿನಿಮಾದಲ್ಲಿ ದಿಯುವಾನಳ ಮನಸ್ಸಿನ ಮಾತಿದೆಯಲ್ಲ, ಅದೇ ಡಿಯೋಪ್ ದನಿ ಅಲ್ಲ, ಹೈಟಿಯ ಗಾಯಕಿ ತೋತೋ ಬಿಸೈಂತ್ ಅವರದ್ದು. ಓದು ಬರಹ ಬಾರದ ಹುಡುಗಿಯ ಮನಸ್ಸು ಸರಾಗವಾದ ಫ್ರೆಂಚ್‌ನಲ್ಲಿ ಮಾತಾಡುತ್ತೆ, ಮುಖ ಒಬ್ಬರದ್ದು ದನಿ ಇನ್ನೊಬ್ಬರದ್ದು, ಅದರ ಮೇಲೆ ಈಗ ನಿಂದೊಂದು. ಕಾಗದದ ಸೀನ್ ನೆನಪಿದೆಯಾ? ಅಮ್ಮನ ಕಾಗದ ಬರುತ್ತೆ, ಉತ್ತರ ನಾನು ಬರೀತೀನಿ ಅಂತ ಯಜಮಾನ ಪೆನ್ ಹಿಡೀತಾನೆ, ಅವಳು ಬಾಯಿ ಬಿಡೋದಿಲ್ಲ, ಅವನೇ ಶುರು ಮಾಡ್ತಾನೆ, ಅವಳು ಕಾಗದ ಹರಿದು ಹಾಕ್ತಾಳೆ. ನೀನು ಕೂತಿರೋದು ಆ ಯಜಮಾನನ ಕುರ್ಚೀಲಿ.

ಬೈದೆ ಅಂತ ಅಳಬೇಡ. ಆ ಕುರ್ಚೀಲಿ ನಾನೂ ಕೂತಿದ್ದೆ. ಮೂವತ್ತು ವರ್ಷದ ಹಿಂದೆ, ಎರಡೇ ವರ್ಷ ಕಂಪನಿ ನಾಟಕದಲ್ಲಿ ಪಾರ್ಟು ಮಾಡಿ ಬಿಟ್ಟ ಒಬ್ಬ ಅಜ್ಜಿ ಹತ್ರ ಹೋಗಿದ್ದೆ. ಅವರು ಮಾತಾಡಿದ್ದು ಹುಣಸೆಹಣ್ಣಿನ ರೇಟು, ಮಂಡಿನೋವು, ಮೊಮ್ಮಗನ ಸ್ಕೂಲು. ಸಂಪಾದಕರೊಬ್ಬರು ಕಣ್ಣೀರು ಇನ್ನೂ ಸ್ವಲ್ಪ ಇರ್ಲಿ ಅಂದ್ರು (ಅವರ ಮೇಲಿನ ಸಿಟ್ಟು ನಂಗಿನ್ನೂ ಹೋಗಿಲ್ಲ), ನಾನು 'ನಾನು' ಅಂತ ಅಜ್ಜಿ ಬಾಯಲ್ಲಿ ಒಂದು ದೊಡ್ಡ ಗೋಳು ಬರ್ದೆ. ಊರೆಲ್ಲ ಹೊಗಳ್ತು. ಮೊಮ್ಮಗ ಅದನ್ನ ಅಜ್ಜಿಗೆ ಓದಿ ಹೇಳಿ, ಕಾರ್ಡ್ ಬರ್ದ: 'ಚೆನ್ನಾಗಿದೆಯಂತೆ, ಆದ್ರೆ ಇದು ಯಾರ ಕಥೆ ಅಂತ ಅಜ್ಜಿ ಕೇಳ್ತಿದ್ದಾರೆ.' ಹೋಗಿ ತಪ್ಪಾಯ್ತು ಅನ್ನೋಣ ಅಂತ ಇವತ್ತು ನಾಳೆ ಮಾಡ್ತಾ ಇದ್ದೆ, ಅಷ್ಟರಲ್ಲಿ ಅವರು ಹೋಗ್ಬಿಟ್ರು. ಈಗಲೂ ಯಾರಾದ್ರೂ ಆ ಲೇಖನ ಹೊಗಳಿದ್ರೆ ಮುಖ ಎತ್ತೋಕೆ ಆಗಲ್ಲ.

ಆ ಎಂಟು ಪುಟ ತೆಗೆದುಬಿಡು. ಸಿನಿಮಾ ಇರೋದು ಸುಮಾರು ಒಂದು ಗಂಟೆ, ಸೌಂಡ್ ಪೂರ್ತಿ ಮ್ಯೂಟ್ ಮಾಡಿ ನೋಡು, ಡಿಯೋಪ್ ಅವರ ಕುತ್ತಿಗೆ, ಕೈ, ಆ ಹೈ ಹೀಲ್ಸ್ ಬಿಟ್ಟು ಬರಿಗಾಲಲ್ಲಿ ನಡೆಯೋದು, ಅದಂತೂ ಅವರದ್ದೇ. ಕಂಡಿದ್ದನ್ನ ಮಾತ್ರ ಬರ್ದು ಮತ್ತೆ ಕಳಿಸು. ದೀಪಾವಳಿ ಒಳಗೆ ಆದ್ರೆ ಒಳ್ಳೇದು, ಆಮೇಲೆ ನಂಗೆ ಕಣ್ಣಿನ ಆಪರೇಷನ್ ಇದೆ, ಸ್ವಲ್ಪ ದಿನ ಓದೋಕಾಗಲ್ಲ.

ನಿನ್ನ ಅಕ್ಕ